ಕೇಸ್ ಗೆದ್ದಳು, ಸೀಟು ಸಿಗಲಿಲ್ಲ: ಕ್ಯಾಪಿಟೇಶನ್ ಫೀಸಿನ ಕಥೆ

ಕಡೂರು, ತರೀಕೆರೆ, ಅಜ್ಜಂಪುರ ಕಡೆ ಪಿಯುಸಿ ರಿಸಲ್ಟ್ ಬಂದ ದಿನ ಮನೇಲಿ ಎರಡು ಪ್ರಶ್ನೆ ಏಳುತ್ತೆ. ಮಾರ್ಕ್ಸ್ ಎಷ್ಟು ಬಂತು ಅನ್ನೋದು ಮೊದಲನೇದು. ಎರಡನೇದನ್ನ ಅಪ್ಪ ಸ್ವಲ್ಪ ಮೆಲ್ಲಗೆ ಕೇಳ್ತಾರೆ: ಫೀಸ್ ಎಷ್ಟಾಗುತ್ತೆ? ಇವತ್ತು ನಾನು ಹೇಳೋದು ಆ ಎರಡನೇ ಪ್ರಶ್ನೆಯ ಚರಿತ್ರೆ.

ಕಡೂರಲ್ಲಿ ಬೆಂಗಳೂರು ರೈಲು ಹತ್ತಿದ್ರೆ ಅರಸೀಕೆರೆ, ತಿಪಟೂರು ದಾಟಿ ತುಮಕೂರು ಬರುತ್ತೆ. ಕಥೆ ನಡೆದಿದ್ದು ಅಲ್ಲೇ.

ಕರ್ನಾಟಕದಲ್ಲಿ ಖಾಸಗಿ ಮೆಡಿಕಲ್, ಇಂಜಿನಿಯರಿಂಗ್ ಕಾಲೇಜುಗಳು ಹೆಚ್ಚಿದ ಹಾಗೆ ಕ್ಯಾಪಿಟೇಶನ್ ಹಾವಳಿಯೂ ಹೆಚ್ಚಿತು. ದುಡ್ಡಿದ್ದವರಿಗೆ ಸೀಟು. ವಿದ್ಯಾರ್ಥಿ ಸಂಘಟನೆಗಳು ಇದರ ವಿರುದ್ಧ ಬೀದಿಗಿಳಿದವು. 1984ರಲ್ಲಿ ರಾಜ್ಯ ಸರ್ಕಾರ ಕ್ಯಾಪಿಟೇಶನ್ ನಿಷೇಧಿಸಿ ಕಾಯ್ದೆ ಮಾಡಿತು. ಆದರೆ ಫೀಸ್ ನಿಗದಿ ಮಾಡೋ ಅಧಿಕಾರವನ್ನ ತನ್ನ ಕೈಯಲ್ಲೇ ಇಟ್ಟುಕೊಂಡಿತು.

1989ರ ಜೂನ್‌ನ ಅಧಿಸೂಚನೆ ನೋಡಿ. ಖಾಸಗಿ ಮೆಡಿಕಲ್ ಕಾಲೇಜಿನಲ್ಲಿ ಸರ್ಕಾರಿ ಸೀಟಿಗೆ ವರ್ಷಕ್ಕೆ 2,000 ರೂಪಾಯಿ. ಕರ್ನಾಟಕದ ಇತರ ವಿದ್ಯಾರ್ಥಿಗಳಿಗೆ 25,000ದ ತನಕ. ಹೊರರಾಜ್ಯದವರಿಗೆ 60,000ದ ತನಕ. ಕ್ಲಾಸು ಒಂದೇ, ಮೇಷ್ಟ್ರು ಒಬ್ಬರೇ!

ಉತ್ತರ ಪ್ರದೇಶದ ಮೀರತ್‌ನ ಮೋಹಿನಿ ಜೈನ್‌ಗೆ ತುಮಕೂರಿನ ಒಂದು ಖಾಸಗಿ ಮೆಡಿಕಲ್ ಕಾಲೇಜು ಆ 60,000 ಕೇಳಿತು. ಮನೇಲಿ ಅಷ್ಟು ದುಡ್ಡಿರಲಿಲ್ಲ. ಆಕೆ ಸುಪ್ರೀಂ ಕೋರ್ಟಿಗೆ ಹೋದಳು. 1992ರ ಜುಲೈ 30ಕ್ಕೆ ತೀರ್ಪು ಬಂತು: ಶಿಕ್ಷಣ ಪ್ರಜೆಯ ಹಕ್ಕು. ಸರ್ಕಾರಿ ಸೀಟಿನ ಫೀಸಿಗಿಂತ ಹೆಚ್ಚು ವಸೂಲಿ ಮಾಡಿದ್ದು, ಹೆಸರು ಏನೇ ಇಟ್ಟರೂ, ಕ್ಯಾಪಿಟೇಶನ್ನೇ.

ನನಗೆ ತಟ್ಟಿದ್ದು ತೀರ್ಪಿನ ಕೊನೆ. ಕೋರ್ಸ್ ಶುರುವಾಗಿ ವರ್ಷ ಕಳೆದಿತ್ತು. ಆಕೆಯನ್ನ ಸೇರಿಸಿಕೊಳ್ಳಿ ಅಂತ ಕೋರ್ಟ್ ಹೇಳಲಿಲ್ಲ. ಕೇಸ್ ಗೆದ್ದಳು, ಸೀಟು ಸಿಗಲಿಲ್ಲ.

ಮರುವರ್ಷ, 1993ರಲ್ಲಿ, ಉನ್ನಿಕೃಷ್ಣನ್ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ಈ ಹಕ್ಕಿಗೆ ಮಿತಿ ಹಾಕಿತು. 14 ವರ್ಷದ ತನಕ ಉಚಿತ ಶಿಕ್ಷಣ ಹಕ್ಕು. ಆಮೇಲಿಂದು ಸರ್ಕಾರದ ಆರ್ಥಿಕ ಶಕ್ತಿಗೆ ಬಿಟ್ಟಿದ್ದು. 2002ರ ಸಂವಿಧಾನ ತಿದ್ದುಪಡಿ, 2010ರ ಏಪ್ರಿಲ್‌ನಲ್ಲಿ ಜಾರಿಗೆ ಬಂದ ಆರ್‌ಟಿಇ ಕಾಯ್ದೆ, ಎರಡೂ ನಿಂತದ್ದು ಆ 14ರ ಗೆರೆಯಲ್ಲೇ.

ನಮ್ಮೂರಿನ ಹುಡುಗ ಹುಡುಗೀರು ಕಾಲೇಜಿಗೆ ಬಸ್ ಬಿಡಿ, ಹಾಸ್ಟೆಲ್ ಕೊಡಿ, ಲೆಕ್ಚರರ್ ಹಾಕಿ ಅಂತ ಧರಣಿ ಕೂತರೆ "ಓದೋದು ಬಿಟ್ಟು ಇದೇನು" ಅಂತ ಬೈಯೋರಿದ್ದಾರೆ. ಆ ಮಕ್ಕಳು ಕೂತಿರೋದು 14ರ ಗೆರೆಯ ಆಚೆಗೆ. ಅಲ್ಲಿ ಕೇಳದೆ ಏನೂ ಸಿಗೋದಿಲ್ಲ. ಕೇಳಿದೋರಿಗೇ ಸಿಗುತ್ತೆ ಅನ್ನೋ ಗ್ಯಾರಂಟಿಯೂ ಇಲ್ಲ. ಹಿಂದೆ ಬರೋರಿಗೆ ಸಿಗಬಹುದು.