ಆವರಣದೊಳಗಿನ ಹೆಸರು

ಸಿನಿಮಾ ಚರಿತ್ರೆಯನ್ನು ನಿರ್ದೇಶಕರ ಹೆಸರಿನಲ್ಲಿ ಬರೆಯುವುದು ನಮ್ಮಲ್ಲಿ ರೂಢಿ. ಕತೆ, ಕಾದಂಬರಿಗಳು ತೆರೆಗೆ ಬಂದ ಬಗೆಯನ್ನು ಕುರಿತ ನನ್ನ ಪಿಎಚ್‌.ಡಿ. ಪ್ರಬಂಧದ ಮೊದಲ ಕರಡೂ ಹಾಗೆಯೇ ಇತ್ತು. ‘ಹಸೀನಾ’ ಎಂದರೆ ಗಿರೀಶ್ ಕಾಸರವಳ್ಳಿ. ತಾರಾ ಹೆಸರು ಆವರಣದೊಳಗೆ.

ಆ ಆವರಣ ಕಣ್ಣಿಗೆ ಚುಚ್ಚಿದ್ದು ಫ್ರೆಂಚ್ ನಟಿ ಡೆಲ್ಫಿನ್ ಸೆರಿಗ್ ಕುರಿತು ಓದುವಾಗ. ಅಲೆನ್ ರೆನೆಯ ‘ಲಾಸ್ಟ್ ಇಯರ್ ಅಟ್ ಮರಿಯನ್‌ಬಾದ್’ (1961) ಚಿತ್ರದಿಂದ ಹೆಸರಾಗಿದ್ದ ಆಕೆ, 1975ರಲ್ಲಿ ಇಪ್ಪತ್ತೈದರ ಆಸುಪಾಸಿನ ಶಾಂತಾಲ್ ಅಕರ್‌ಮನ್ ತೆಗೆದ ‘ಜಾನ್ ಡೀಲ್‌ಮನ್’ನಲ್ಲಿ ನಟಿಸಿದರು. ಮೂರು ಗಂಟೆಗೂ ಮೀರಿದ ಆ ಚಿತ್ರದ ಹೆಚ್ಚಿನ ಭಾಗ ಒಬ್ಬ ಹೆಂಗಸಿನ ಮನೆಗೆಲಸ. ತನ್ನ ಹೆಸರಿನ ಬಲವನ್ನು ಸಣ್ಣ ಚಿತ್ರಕ್ಕೆ ಧಾರೆ ಎರೆಯುವುದೂ ಒಂದು ಕಲೆಯೇ ಅಲ್ಲವೇ?

ಅದೇ ಕಣ್ಣಿನಿಂದ ನಮ್ಮ ಹಾಸನ ಜಿಲ್ಲೆಯತ್ತ ನೋಡಿದೆ. ನನ್ನೂರು ಹೊಳೆನರಸೀಪುರ. ಪಕ್ಕದ ಅರಕಲಗೂಡನ್ನು ಹೆಸರಿನಲ್ಲೇ ಹೊತ್ತಿದ್ದ ಅನಕೃ ಅವರ ‘ಸಂಧ್ಯಾರಾಗ’ 1966ರಲ್ಲೇ ಸಿನಿಮಾ ಆಗಿತ್ತು. ಚನ್ನರಾಯಪಟ್ಟಣ ತಾಲ್ಲೂಕಿನ ಸಂತೇಶಿವರದ ಎಸ್.ಎಲ್. ಭೈರಪ್ಪನವರ ‘ಮತದಾನ’ವನ್ನು ಟಿ.ಎನ್. ಸೀತಾರಾಮ್ ತೆರೆಗೆ ತಂದರು. ಹಾಸನದ ಬಾನು ಮುಷ್ತಾಕ್ ಅವರ ‘ಕರಿನಾಗರಗಳು’ ಕತೆ ‘ಹಸೀನಾ’ ಆಯಿತು. ಈ ಕೊನೆಯ ಎರಡು ಚಿತ್ರಗಳ ನಿರ್ದೇಶಕರು ಬೇರೆ, ಲೇಖಕರ ಲೋಕದೃಷ್ಟಿ ತೀರಾ ಬೇರೆ. ಎರಡರಲ್ಲೂ ಇರುವವರು ತಾರಾ.

1984ರಲ್ಲಿ ತಮಿಳು ಚಿತ್ರವೊಂದರಿಂದ ಆರಂಭಿಸಿದ ತಾರಾ, ರಾಜ್‌ಕುಮಾರ್ ಅವರ ‘ಗುರಿ’ (1986)ಯಂಥ ಜನಪ್ರಿಯ ಚಿತ್ರಗಳಲ್ಲಿ ಬೆಳೆದವರು. 1999ರಲ್ಲಿ ಗಿರೀಶ ಕಾರ್ನಾಡರ ‘ಕಾನೂರು ಹೆಗ್ಗಡಿತಿ’ಯಲ್ಲಿ ಸುಬ್ಬಮ್ಮನಾದರು. ಮುಂದೆ ಪಿ. ಶೇಷಾದ್ರಿಯವರ ‘ಮುನ್ನುಡಿ’, ‘ಮತದಾನ’, 2004ರಲ್ಲಿ ‘ಹಸೀನಾ’. ಗಂಡು ಹೆರಲಿಲ್ಲವೆಂದು ಗಂಡ ಕೈಬಿಟ್ಟ ಹಸೀನಾ, ಹೆಣ್ಣುಮಕ್ಕಳನ್ನು ಕಟ್ಟಿಕೊಂಡು ಮಸೀದಿಯ ಮುಂದೆ ನ್ಯಾಯ ಕೇಳುತ್ತಾ ಕೂರುತ್ತಾಳೆ. ಈ ಪಾತ್ರಕ್ಕೆ ತಾರಾ ಅವರಿಗೆ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಬಂತು. ಕನ್ನಡ ಚಿತ್ರವೊಂದಕ್ಕೆ ಆ ಗೌರವ ಹಿಂದೆ ಸಂದದ್ದು ‘ಕಾಡು’ (1973) ಚಿತ್ರದ ನಂದಿನಿ ಭಕ್ತವತ್ಸಲ ಅವರಿಗೆ.

ಹಾಸ್ಟೆಲ್ ಕೋಣೆಯಲ್ಲಿ, ಲ್ಯಾಪ್‌ಟಾಪಿನ ಪುಟ್ಟ ತೆರೆಯ ಮೇಲೆ ನಾನು ‘ಹಸೀನಾ’ ನೋಡಿದೆ. ನಮ್ಮ ಮನೆಗಳಲ್ಲಿ ತಾರಾ ಎಂದರೆ ಟಿ.ವಿ.ಯಲ್ಲಿ ಬರುವ ಹಳೇ ಪರಿಚಯದ ಅಕ್ಕ. ಆ ಪರಿಚಯವೇ ಇಲ್ಲಿ ಕೆಲಸ ಮಾಡುತ್ತದೆ. ಬೇರೆಯವರ ಕೇರಿಯ ಸಂಕಟ ಎಂದು ಮುಖ ತಿರುಗಿಸಬಹುದಾದ ನೋಡುಗರನ್ನು, ಗೊತ್ತಿರುವ ಆ ಮುಖ ಹಿಡಿದು ಕೂರಿಸುತ್ತದೆ. ಇದನ್ನು ನಿರ್ದೇಶಕರೊಬ್ಬರ ಲೆಕ್ಕಕ್ಕೇ ಬರೆದಿಡುವುದು ಹೇಗೆ?

2025ರಲ್ಲಿ ಬಾನು ಅವರ ಕತೆಗಳ ಇಂಗ್ಲಿಷ್ ಅನುವಾದ ‘ಹಾರ್ಟ್ ಲ್ಯಾಂಪ್’ಗೆ ಅಂತರರಾಷ್ಟ್ರೀಯ ಬುಕರ್ ಬಂದಾಗ ಹಾಸನವೇ ಸಂಭ್ರಮಿಸಿತು. ‘ಕರಿನಾಗರಗಳು’ ಆ ಸಂಕಲನದಲ್ಲೂ ಇದೆ. ಜಗತ್ತು ಆ ಹೆಣ್ಣಿನ ಕತೆಯನ್ನು ಓದುವ ಇಪ್ಪತ್ತು ವರ್ಷ ಮೊದಲೇ ಅವಳಿಗೊಂದು ಮುಖ ಕೊಟ್ಟವರು ತಾರಾ. ಹಾಗಾಗಿ, ನನ್ನ ಎರಡನೆಯ ಕರಡಿನಲ್ಲಿ ಅವರಿಗೊಂದು ಅಧ್ಯಾಯವೇ ಇದೆ. ಆವರಣ ತೆಗೆದಿದ್ದೇನೆ.