ಒಂದೇ ಬಿಲ್ಲೆಯ ಸೈನಿಕ: ಪಶ್ಚಿಮ ರಣರಂಗದ ಅನಾಮಧೇಯ ಗೋರಿಗಳ ಬಗ್ಗೆ ಒಂದು ಟಿಪ್ಪಣಿ

ಮೊದಲ ಮಹಾಯುದ್ಧದ ಪಶ್ಚಿಮ ರಣರಂಗದಲ್ಲಿ ಹೆಸರಿಲ್ಲದ ಗೋರಿಗಳು ಅಷ್ಟೊಂದು ಏಕೆ? ಫಿರಂಗಿ ದೇಹಗಳನ್ನು ಛಿದ್ರಗೊಳಿಸಿತು, ಕೆಸರು ನುಂಗಿತು ಎಂಬುದು ರೂಢಿಯ ಉತ್ತರ. ಅದು ಸುಳ್ಳಲ್ಲ, ಸಾಲದು. ಬ್ರಿಟಿಷ್ ಸೇನೆಯ ದಫ್ತರಕ್ಕೂ ಇದರಲ್ಲಿ ಪಾಲಿದೆ.

1914ರಲ್ಲಿ ಆ ಸೇನೆ ಕೊಡತೊಡಗಿದ್ದು ನಾರಿನಿಂದ ಮಾಡಿದ ಒಂದೇ ಕೆಂಪು ಬಿಲ್ಲೆ. ಅದರ ಮೇಲೆ ಹೆಸರು, ಸಂಖ್ಯೆ, ರೆಜಿಮೆಂಟು, ಧರ್ಮ. ಸೈನಿಕ ಸತ್ತರೆ ಸಂಗಾತಿಗಳು ಅದನ್ನು ಕಿತ್ತು, ಜೇಬಿನ ಸಂಬಳದ ಪುಸ್ತಕದೊಂದಿಗೆ ಹಿಂದಕ್ಕೆ ಕಳಿಸಬೇಕಿತ್ತು. ಸಾವೇನೋ ದಾಖಲಾಗುತ್ತಿತ್ತು, ಗುರುತು ಹೇಳುವಂಥದ್ದು ಹೆಣದ ಮೇಲೆ ಏನೂ ಉಳಿಯುತ್ತಿರಲಿಲ್ಲ.

ಹೂಳುವುದು ಬಹುಪಾಲು ರಾತ್ರಿಯ ಕೆಲಸ, ಹಗಲಲ್ಲಿ ತಲೆ ಎತ್ತುವಂತಿರಲಿಲ್ಲ. ಹೆಣವನ್ನು ಕಂಬಳಿಯಲ್ಲೋ ನೆಲಹಾಸಿನಲ್ಲೋ ಸುತ್ತಿ ಕಂದಕದ ಹಿಂದೆ ಹೂಳುತ್ತಿದ್ದರು. ಅದಕ್ಕೂ ವ್ಯವಧಾನವಿಲ್ಲದಿದ್ದರೆ ಶೆಲ್ ತೋಡಿದ ಗುಂಡಿಯೇ ಗತಿ. ಮೇಲೊಂದು ಮರದ ಶಿಲುಬೆ, ಅದರ ಮೇಲೆ ಪೆನ್ಸಿಲ್ಲಿನ ಬರಹ. ಕೆಲವರು ಹೆಸರು ಬರೆದ ಚೀಟಿಯನ್ನು ಬಾಟಲಿಗೆ ಹಾಕಿ, ಬಾಯಿ ಕೆಳಗಾಗಿ ಮಣ್ಣಿಗೆ ಚುಚ್ಚುತ್ತಿದ್ದರು. ಹೆಸರು ಹೆಣದ ಪಕ್ಕದಲ್ಲೇ ಇರಬೇಕೆಂಬುದು ಸೇನೆಯ ನಿಯಮಗಳಿಗಿಂತ ಮೊದಲೇ ಈ ಸಾಮಾನ್ಯ ಸಿಪಾಯಿಗಳಿಗೆ ಹೊಳೆದಿತ್ತು ಎಂದು ನನ್ನ ಅನಿಸಿಕೆ. ಆದರೆ ಅದೇ ನೆಲದ ಮೇಲೆ ಮತ್ತೆ ಶೆಲ್ ಬಿದ್ದರೆ ಶಿಲುಬೆಯೂ ಇಲ್ಲ, ಬಾಟಲಿಯೂ ಇಲ್ಲ.

ರೆಡ್ ಕ್ರಾಸ್ ತುಕಡಿಯೊಂದರ ಮುಖ್ಯಸ್ಥನಾಗಿ ಫ್ರಾನ್ಸಿಗೆ ಬಂದ ಫೇಬಿಯನ್ ವೇರ್ ಗೋರಿಗಳ ಪಟ್ಟಿ ಮಾಡತೊಡಗಿದ. 1915ರಲ್ಲಿ ಸೇನೆ ಆ ಕೆಲಸವನ್ನು ತನ್ನದಾಗಿಸಿಕೊಂಡಿತು. ಎರಡನೆಯ ಬಿಲ್ಲೆಗೆ ಆದೇಶ ಹೊರಟಿದ್ದು 1916ರ ಸೆಪ್ಟೆಂಬರಿನಲ್ಲಿ: ಎಂಟು ಮೂಲೆಯ ಹಸಿರು ಬಿಲ್ಲೆ ಹೆಣದ ಮೇಲೆ, ದುಂಡನೆಯ ಕೆಂಪು ಬಿಲ್ಲೆ ದಫ್ತರಕ್ಕೆ. ಅಷ್ಟರಲ್ಲಿ ಸೊಮ್ ಕದನದ ಮೊದಲ ದಿನವಾದ ಜುಲೈ 1ರಂದೇ 19,240 ಬ್ರಿಟಿಷ್ ಸೈನಿಕರು ಸತ್ತಾಗಿತ್ತು.

ಯುದ್ಧ ಮುಗಿದ ಮೇಲೆ ಹೆಣಗಳನ್ನು ಹುಡುಕಿ ತೆಗೆಯುವ ತುಕಡಿಗಳು ಬಂದವು. ಇಲಿಬಿಲದ ಬಾಯಲ್ಲಿ ಮೂಳೆಯ ಚೂರು, ಸುತ್ತಲಿನದಕ್ಕಿಂತ ಕಡುಬಣ್ಣದ ಹುಲ್ಲು, ನೆಲಕ್ಕೆ ನೆಟ್ಟ ಬಂದೂಕು: ಅವರು ನೋಡುತ್ತಿದ್ದ ಸುಳಿವುಗಳು ಇವು. ನಾರಿನ ಬಿಲ್ಲೆ ಒದ್ದೆ ಮಣ್ಣಿನಲ್ಲಿ ಬಾಳುವಂಥದ್ದಲ್ಲ. ಎಷ್ಟೋ ಸಲ ಸಂಖ್ಯೆ ಕೊರೆದ ಚಮಚವೇ ಸತ್ತವನ ಗುರುತು ಹೇಳಬೇಕಾಯಿತು.

ಸೊಮ್ ರಣಭೂಮಿಯಲ್ಲಿ 1932ರಲ್ಲಿ ಅನಾವರಣಗೊಂಡ ಥಿಯೆಪ್ವಾಲ್ ಸ್ಮಾರಕದಲ್ಲಿ ಗೋರಿ ಗೊತ್ತಿಲ್ಲದ 72,000ಕ್ಕೂ ಹೆಚ್ಚು ಮಂದಿಯ ಹೆಸರುಗಳಿವೆ. ಅವರಲ್ಲಿ ಶೇ. 90ಕ್ಕೂ ಹೆಚ್ಚು ಜನ ಸತ್ತದ್ದು 1916ರ ಜುಲೈ ಮತ್ತು ನವೆಂಬರ್ ನಡುವೆ, ಅಂದರೆ ಎರಡನೆಯ ಬಿಲ್ಲೆ ಇನ್ನೂ ಬಂದಿರದ ಅಥವಾ ಆಗಷ್ಟೇ ಹಂಚಿಕೆಯಾಗತೊಡಗಿದ್ದ ತಿಂಗಳುಗಳಲ್ಲಿ.