ಐಕ್ಯ

‘ಏಕ’ಕ್ಕೆ ಭಾವಪ್ರತ್ಯಯ ಸೇರಿ ‘ಐಕ್ಯ’: ಒಂದಾಗಿರುವಿಕೆ. ಶೃಂಗೇರಿಯ ಅದ್ವೈತಿಗಳಿಗೆ ಅದು ಜೀವಬ್ರಹ್ಮೈಕ್ಯ. ನರಸಿಂಹರಾಜಪುರ ತಾಲ್ಲೂಕಿನ ಬಾಳೆಹೊನ್ನೂರಿನಲ್ಲಿ ವೀರಶೈವರ ರಂಭಾಪುರಿ ಪೀಠವಿದೆ. ಅವರ ಷಟ್‌ಸ್ಥಲಗಳಲ್ಲಿ ಕೊನೆಯದು ಐಕ್ಯ, ಮಡಿದವರು ಲಿಂಗೈಕ್ಯರು. ಒಡೆದ ಸಭೆಗಳು ಕೂಡುವುದನ್ನೂ ಕನ್ನಡ ಕ್ರೈಸ್ತರು ಐಕ್ಯವೆಂದೇ ಕರೆದರು. 1947ರ ಸೆಪ್ಟೆಂಬರ್ 27ರಂದು ಮದರಾಸಿನಲ್ಲಿ ಆಂಗ್ಲಿಕನ್, ಮೆಥಡಿಸ್ಟ್, ಪ್ರೆಸ್ಬಿಟೇರಿಯನ್, ಕಾಂಗ್ರಿಗೇಷನಲ್ ಪರಂಪರೆಗಳವರು ಸೇರಿ ದಕ್ಷಿಣ ಭಾರತ ಸಭೆ ಕಟ್ಟಿದರು.

ಆದರೆ ಸಭೆಗಳ ಐಕ್ಯದಲ್ಲಿ ಯಾರೂ ಕರಗಿಹೋಗಬೇಕಿಲ್ಲ. ಶೃಂಗೇರಿ, ಬಾಳೆಹೊನ್ನೂರುಗಳ ಈ ಮಲೆನಾಡಿನ ಕಥೋಲಿಕರನ್ನೇ ನೋಡಿ: ಲ್ಯಾಟಿನ್ ವಿಧಿಯವರು ಚಿಕ್ಕಮಗಳೂರು ಧರ್ಮಕ್ಷೇತ್ರಕ್ಕೆ, ಕೇರಳ ಮೂಲದ ಸೀರೋ ಮಲಬಾರ್ ವಿಧಿಯವರು ಭದ್ರಾವತಿಗೆ ಸೇರಿದವರು. ಬಲಿಪೂಜೆಯ ಕ್ರಮ ಬೇರೆ, ಪೋಪ್ ಒಬ್ಬರೇ.

ಅಂದಹಾಗೆ, ‘ಐಕ್ಯ’ವೇ ಭಾವನಾಮ, ‘ಐಕ್ಯತೆ’ಯ ‘ತೆ’ ಅನಗತ್ಯ.